ಅಜ್ಜಿಯ ಮುಡಿಪು, ಯಹೂದಿಗಳ ಕಾದೋಶ್

(ಹೋದ ಭಾನುವಾರ ಸಂಜೆ ನಮ್ಮ ಓದುಬಳಗದಲ್ಲಿ ಆಡಿದ ಮಾತು ಇದು. ರೆಕಾರ್ಡಿಂಗ್ ಕೇಳ್ಕೊಂಡು ನಾನೇ ಟೈಪ್ ಮಾಡಿದೀನಿ. ಫ್ಯಾನ್ ಸದ್ದಲ್ಲಿ ಕೇಳಿಸದೇ ಹೋದ ಜಾಗಾನ ನೆನಪಿಂದ ತುಂಬಿಸಿದೀನಿ, ಬಂದಿದ್ದವರು ಹೆಚ್ಚುಕಮ್ಮಿ ಆಗಿದ್ರೆ ಹೊಟ್ಟೆಗೆ ಹಾಕ್ಕೊಳಿ.)

ಎಲ್ರಿಗೂ ನಮಸ್ಕಾರ. ವಿಷಯ ನೋಡಿ ಇಬ್ರು ಫೋನ್ ಮಾಡಿದ್ರು, ಯಹೂದಿಗಳ ಪ್ರಾರ್ಥನೇಲಿ ಪವಿತ್ರತೆ ಅಂದ್ರೆ ಏನು ಅಂತ ಇಲ್ಲಿ ಕೂತ್ಕೊಂಡು ನಾವ್ಯಾಕ್ರೀ ತಲೆ ಕೆಡಿಸ್ಕೋಬೇಕು ಅಂತ. ನ್ಯಾಯವಾದ ಪ್ರಶ್ನೆ. ಅದಕ್ಕೆ ಉತ್ತರ ಮಂಗಳೂರಿಂದ ಬರುತ್ತೆ, ಆದ್ರೆ ಸ್ವಲ್ಪ ಲೇಟಾಗಿ ಬರುತ್ತೆ. ಮೊದ್ಲು ನಮ್ಮಜ್ಜಿ ವಿಷಯ ಹೇಳ್ತೀನಿ.

ನಮ್ಮಜ್ಜಿ ಅಕ್ಕಿ ಡಬ್ಬದೊಳಗೆ ಒಂದು ಹಳದಿ ಬಟ್ಟೆ ಗಂಟು ಇಟ್ಟಿರ್ತಿದ್ಲು. ತಿಮ್ಮಪ್ಪನ ಮುಡಿಪು. ಒಳಗಿದ್ದಿದ್ದು ಬರೀ ಚಿಲ್ಲರೆ, ಕಂಡಕ್ಟರ್ ಕೊಟ್ಟಿದ್ದು, ಅಂಗಡಿಯವನು ಕೊಟ್ಟಿದ್ದು, ಕೆಲವಕ್ಕೆ ಎಣ್ಣೆ ಜಿಡ್ಡು ಬೇರೆ. ಲೋಕದ ಬೇರೆ ಕಾಸಿಗೂ ಅದಕ್ಕೂ ಏನೂ ವ್ಯತ್ಯಾಸ ಇಲ್ಲ. ಆದ್ರೆ ಗಂಟಿನೊಳಗೆ ಹೋದ ಮೇಲೆ ಅದು ನಮ್ಮದಲ್ಲ, ಅಷ್ಟೇ. ಒಂದ್ಸಲ ಜೂನ್ ತಿಂಗಳಲ್ಲಿ ನನ್ನ ಸ್ಕೂಲ್ ಫೀಸಿಗೆ 20 ರೂಪಾಯಿ ಕಮ್ಮಿ ಬಿತ್ತು, ಅಜ್ಜಿ ಕೈಕಾಲು ತೊಳ್ಕೊಂಡು ಬಂದು, ಗೋಡೆ ಮೇಲಿನ ಪಟದ ಕಡೆ ತಿರುಗಿ "ಸಾಲ ತಗೋತಿದೀನಪ್ಪ" ಅಂತ ಹೇಳಿ ಗಂಟು ಬಿಚ್ಚಿದ್ಲು. ರಾಗಿ ಮಾರಿದ ಮೇಲೆ 22 ರೂಪಾಯಿ ವಾಪಸ್ ಹಾಕಿದ್ಲು. 2 ರೂಪಾಯಿ ಯಾಕಜ್ಜಿ ಜಾಸ್ತಿ ಅಂದ್ರೆ "ಅವನ ಕಾಸು ಮುಟ್ಟಿದೀವಲ್ಲೋ" ಅಂದ್ಲು.

ಬಹಳ ವರ್ಷ ಆದ್ಮೇಲೆ ಬೈಬಲ್‌ನ ಯಾಜಕಕಾಂಡ ಓದ್ವಾಗ ನಾನು ಬೆಚ್ಚಿಬಿದ್ದೆ. ಅದರ 5ನೇ ಅಧ್ಯಾಯದಲ್ಲಿ ಬರುತ್ತೆ, ದೇವರಿಗೆ ಅಂತ ತೆಗೆದಿಟ್ಟ ವಸ್ತೂನ ಯಾರಾದ್ರೂ ಗೊತ್ತಿಲ್ದೆ ಬಳಸ್ಕೊಂಡ್ರೆ ಅದರ ಬೆಲೆ ಕೊಟ್ಟು, ಮೇಲೆ ಐದನೇ ಒಂದು ಪಾಲು ಸೇರಿಸಿ, ಜೊತೆಗೊಂದು ಟಗರನ್ನೂ ಒಪ್ಪಿಸ್ಬೇಕು. ನಮ್ಮಜ್ಜಿ ಹತ್ತನೇ ಒಂದು ಪಾಲಲ್ಲೇ ಮುಗಿಸಿದ್ಲು, ಬಡ್ಡಿ ಸಮೇತ ವಸೂಲಿ ಮಾಡೋ ದೇವರು ಅಂತ ಹೆಸರಿದ್ರೂ ತಿಮ್ಮಪ್ಪ ಅಲ್ಲಿ ಕನ್ಸೆಷನ್ ಕೊಟ್ಟ ಅನ್ಸುತ್ತೆ. ಹಿಂಗೆ ತೆಗೆದಿಟ್ಟ ಆಸ್ತಿಗೆ ಹೀಬ್ರೂನಲ್ಲಿ ಹೆಕ್ದೇಶ್ ಅಂತಾರೆ. ಕ-ದ-ಶ ಅನ್ನೋ ಮೂರು ಅಕ್ಷರದ ಧಾತು. ಕಾದೋಶ್ ಅನ್ನೋ ಪದ, ಅಂದ್ರೆ ನಾವು ಪವಿತ್ರ ಅಂತ ಅನುವಾದ ಮಾಡೋದು, ಬಂದಿರೋದು ಇದೇ ಬೇರಿಂದ.

ಕನ್ನಡ ಬೈಬಲ್‌ನಲ್ಲಿ ಇದನ್ನ ಪರಿಶುದ್ಧ ಅಂತ ಹಾಕಿದಾರೆ. ತಪ್ಪು ಅಂತ ಹೇಳಲ್ಲ, ಆದ್ರೆ ನಮ್ಮ ಕಿವೀಲಿ ಅದು ತೊಳೆದಿದ್ದು, ಮಡಿ ಬಟ್ಟೆ, ಕೊಳೆ ಇಲ್ಲದ್ದು ಅಂತ ಕೇಳಿಸುತ್ತೆ. ಹೀಬ್ರೂನಲ್ಲಿ ಆ ಶುದ್ಧಕ್ಕೆ ಬೇರೇನೇ ಪದ ಇದೆ, ತಾಹೋರ್ ಅಂತ, ಅದಕ್ಕೆ ವಿರುದ್ಧ ತಾಮೇ, ಅಂದ್ರೆ ಮೈಲಿಗೆ. ಕಾದೋಶ್ ಅನ್ನೋದು ಈ ಲೆಕ್ಕದಲ್ಲಿ ಇಲ್ಲ. ಇದಕ್ಕೆ ಒಂದು ಮಜವಾದ ಸಾಕ್ಷಿ ಕೊಡ್ತೀನಿ. ಪವಿತ್ರ ಗ್ರಂಥದ ಸುರುಳಿ ಮುಟ್ಟಿದ್ರೆ ಕೈ ಮೈಲಿಗೆ ಆಗುತ್ತೆ ಅಂತ ಹಳೇ ರಬ್ಬಿಗಳ, ಅಂದ್ರೆ ಯಹೂದಿ ಧರ್ಮಪಂಡಿತರ ಕಾನೂನು! ಹೌದು, ಮೈಲಿಗೆ. ಯಾಕಪ್ಪಾ ಅಂದ್ರೆ ತಾಲ್ಮುದ್ ಅನ್ನೋ ಅವರ ಹಳೇ ಧರ್ಮಶಾಸ್ತ್ರದ ಗ್ರಂಥದಲ್ಲಿ ಕೊಡೋ ಕಾರಣ ಇದು: ಪುರೋಹಿತರಿಗೆ ಮೀಸಲಾದ ಧಾನ್ಯ ಇರುತ್ತಲ್ಲ, ಅದೂ ಕಾದೋಶ್, ಸುರುಳೀನೂ ಕಾದೋಶ್, ಎರಡನ್ನೂ ಒಟ್ಟಿಗೆ ಇಟ್ರೆ ಏನಂತೆ ಅಂತ ಜನ ಒಂದೇ ಕಡೆ ಇಡ್ತಿದ್ರು. ಧಾನ್ಯಕ್ಕೆ ಇಲಿ ಬಂದು ಸುರುಳೀನೂ ಕಡೀತಿತ್ತು. ಅದಕ್ಕೆ ರಬ್ಬಿಗಳು, ಸುರುಳಿ ಮುಟ್ಟಿದ್ರೆ ಮೈಲಿಗೆ ಅಂತ ಮಾಡಿಬಿಟ್ರು, ಅಲ್ಲಿಗೆ ಧಾನ್ಯ ಅದರ ಹತ್ರ ಯಾರೂ ಇಡಲ್ಲ. ಅಜ್ಜಿ ಅಕ್ಕಿ ಡಬ್ಬ ಅವರು ನೋಡಿದ್ರೆ ಏನಂತಿದ್ರೋ. ಅಂತೂ ಹೆಚ್ಚು ಪವಿತ್ರ ಅಂದ್ರೆ ಹೆಚ್ಚು ಕ್ಲೀನ್ ಅಂತಲ್ಲ, ಬೇರೆ ಇಟ್ಟಿದ್ದು, ಸುಮ್ನೆ ಕೈ ಹಾಕೋ ಹಾಗಿಲ್ಲದ್ದು ಅಂತ. ನಮ್ಮಲ್ಲಿ ಇದಕ್ಕೆ ಸರಿಯಾಗಿ ಕೂರೋ ಪದ ಮೀಸಲು, ಇಲ್ಲಾಂದ್ರೆ ಮುಡಿಪು. ಮದುವೆಗೂ ಅವರು ಇದೇ ಬೇರಿನ ಪದ ಬಳಸ್ತಾರೆ, ಕಿದ್ದುಶಿನ್, ಗಂಡು ಉಂಗುರ ತೊಡಿಸ್ವಾಗ ನೀನು ನನಗೆ ಮೆಕುದೇಶೆತ್ ಅಂತಾನೆ. ತಾಲ್ಮುದ್ ಇದನ್ನ ಬಿಡಿಸಿ ಹೇಳೋದೂ ಹಂಗೇ, ಹೆಕ್ದೇಶ್ ಥರ ಅವಳು ಲೋಕದ ಮಿಕ್ಕವರಿಗೆಲ್ಲ ನಿಷಿದ್ಧ ಆಗ್ತಾಳೆ ಅಂತ. (ಇಲ್ಲಿ ಮುಂದಿನ ಸಾಲಿಂದ ಒಬ್ಬರು ಮೇಡಂ "ಗಂಡು ಮುಡಿಪಾಗಲ್ವಾ?" ಅಂದ್ರು. ಹಳೇ ಕಾನೂನಲ್ಲಿ ಆಗ್ತಿರ್ಲಿಲ್ಲ ಮೇಡಂ. ಈಗ ಕೆಲವು ಪಂಥದಲ್ಲಿ ಇಬ್ರೂ ಹೇಳ್ತಾರೆ.)

ಈಗ ಪ್ರಾರ್ಥನೆಗೆ ಬರೋಣ. ಎಲ್ಲದರ ಮೂಲ ಬೈಬಲ್‌ನಲ್ಲಿ ಬರೋ ಪ್ರವಾದಿ ಯೆಶಾಯನ ಪುಸ್ತಕದ 6ನೇ ಅಧ್ಯಾಯ. ಉಜ್ಜೀಯ ರಾಜ ಸತ್ತ ವರ್ಷ, ಅಂದ್ರೆ ಹೆಚ್ಚುಕಮ್ಮಿ ಕ್ರಿಸ್ತಪೂರ್ವ 740ರ ಆಸುಪಾಸು. ಯೆಶಾಯನಿಗೆ ದೇವಾಲಯದಲ್ಲಿ ಒಂದು ದರ್ಶನ ಆಗುತ್ತೆ. ಸೆರಾಫ್ ಅನ್ನೋ ಜೀವಿಗಳು, ಒಂದೊಂದಕ್ಕೆ ಆರಾರು ರೆಕ್ಕೆ, ಎರಡರಲ್ಲಿ ಮುಖ ಮುಚ್ಕೊಂಡಿವೆ, ಎರಡರಲ್ಲಿ ಕಾಲು ಮುಚ್ಕೊಂಡಿವೆ, ಎರಡರಲ್ಲಿ ಹಾರ್ತಾ ಇವೆ. ದೇವರ ಪಕ್ಕದಲ್ಲೇ ಇರೋವೂ ನೋಡೋ ಧೈರ್ಯ ಮಾಡ್ತಿಲ್ಲ, ಗಮನಿಸಿ. ಅವು ಒಂದಕ್ಕೊಂದು ಕೂಗಿ ಹೇಳ್ತವೆ: ಕಾದೋಶ್, ಕಾದೋಶ್, ಕಾದೋಶ್, ಸೇನಾಧೀಶ್ವರನಾದ ದೇವರು, ಇಡೀ ಭೂಮಿ ಅವನ ಮಹಿಮೆಯಿಂದ ತುಂಬಿದೆ.

ಇಲ್ಲಿ ಸ್ವಲ್ಪ ನಿಲ್ಲಿ. ಕಾದೋಶ್ ಅಂದ್ರೆ ಬೇರೆ, ದೂರ, ಕೈಗೆ ಸಿಗದ್ದು ಅಂತ ಈಗಷ್ಟೇ ಹೇಳಿದೆ. ಮೂರು ಸಲ ಬೇರೆ ಬೇರೆ ಬೇರೆ ಅಂತ ಕೂಗಿ, ಅದೇ ಉಸಿರಲ್ಲಿ ಭೂಮಿ ತುಂಬ ಅವನೇ ಅಂತಾರಲ್ಲ! ಎರಡೂ ಹೆಂಗ್ರೀ ಒಟ್ಟಿಗೆ ನಿಜ ಆಗುತ್ತೆ? ನನಗೆ ಯಹೂದಿ ಚಿಂತನೆ ಹಿಡಿಸಿದ್ದೇ ಈ ಸಾಲಿಂದ. ಈ ಬಿಕ್ಕಟ್ಟನ್ನ ಅವರು ಬಿಡಿಸೋಕೆ ಹೋಗಲ್ಲ, ದಿನಾ ಹೇಳ್ತಾರೆ. ಬೆಳಗಿನ ಪ್ರಾರ್ಥನೆ ಒಂದರಲ್ಲೇ ಈ ವಾಕ್ಯ ಮೂರು ಕಡೆ ಬರುತ್ತೆ. ಕೊನೇ ಸಲ ಅರಮೇಯಿಕ್ ಭಾಷೇಲಿರೋ ಅದರ ಹಳೇ ಅನುವಾದಾನೂ ಸೇರಿಸ್ತಾರೆ, ಅದು ಅನುವಾದ ಅನ್ನೋದಕ್ಕಿಂತ ಟೀಕೆ ಅನ್ಬೇಕು: ಮೇಲಿನ ಆಕಾಶದಲ್ಲಿ ಕಾದೋಶ್, ಭೂಮಿ ಮೇಲೆ ಕಾದೋಶ್, ಎಂದೆಂದಿಗೂ ಕಾದೋಶ್. ಮೂರಕ್ಕೆ ಮೂರು ಅರ್ಥ ಕೊಟ್ಬಿಟ್ರು, ಎತ್ತರ, ನೆಲ, ಕಾಲ.

ಮಧ್ಯದಲ್ಲಿ ಬರೋದು ಮುಖ್ಯವಾದದ್ದು, ಅದಕ್ಕೇ ಕೆದುಶಾ ಅಂತ ಹೆಸರು. ನಿಂತ್ಕೊಂಡು ಮಾಡೋ ಅಮಿದಾ ಅನ್ನೋ ಪ್ರಾರ್ಥನೆ ಇದೆ, ಅದನ್ನ ಮೊದ್ಲು ಪ್ರತಿಯೊಬ್ರೂ ಪಿಸುದನಿಯಲ್ಲಿ ಹೇಳ್ಕೋತಾರೆ, ಆಮೇಲೆ ಮುಂದೆ ನಿಂತವರು ಜೋರಾಗಿ ಮತ್ತೆ ಹೇಳ್ವಾಗ ಮಧ್ಯೆ ಕೆದುಶಾ ಬರುತ್ತೆ. ಎರಡು ಪಾದಾನೂ ಒತ್ತಟ್ಟಿಗೆ ಜೋಡಿಸಿ ನಿಲ್ತಾರೆ, ದೇವದೂತರ ಕಾಲು ಒಂದೇ ನೇರಕ್ಕಿತ್ತು ಅಂತ ಇನ್ನೊಬ್ಬ ಪ್ರವಾದಿ ಯೆಹೆಜ್ಕೇಲನ ದರ್ಶನದಲ್ಲಿ ಇದೆಯಲ್ಲ, ಹಂಗೆ. ಕಾದೋಶ್ ಅನ್ನೋ ಪದ ಬಂದಾಗ ಹಿಮ್ಮಡಿ ಎತ್ತಿ ತುದಿಗಾಲಲ್ಲಿ ಒಂದಿಂಚು ಮೇಲೇಳ್ತಾರೆ. ಮೂರು ಪದಕ್ಕೆ ಮೂರು ಸಲ. ನಾನು ಮೊದಲ ಸಲ ನೋಡಿದ್ದು ಕೆಲಸದ ಮೇಲೆ ಅಮೆರಿಕದಲ್ಲಿದ್ದಾಗ, ಪಕ್ಕದ ಮನೆಯವರು ಕರ್ಕೊಂಡು ಹೋಗಿದ್ರು, ನಾನು ಹಿಂದಿನ ಬೆಂಚಲ್ಲಿ ಕೂತಿದ್ದೆ. ಸೂಟು ಹಾಕಿದ ಅಕೌಂಟೆಂಟುಗಳು, ಬೆನ್ನು ಬಾಗಿದ ಮುದುಕರು, ಎಲ್ಲ ಒಟ್ಟಿಗೆ ಮೂರು ಸಲ ಎದ್ದು ಇಳಿದ್ರು. ಮರದ ನೆಲ ಕಿರ್ ಅಂತು. ಸೆರಾಫ್‌ಗಳ ಥರ ಹಾರೋಕಂತೂ ಆಗಲ್ಲ, ಒಂದಿಂಚು ಏಳ್ಬಹುದು. ಹೋಗ್ತಾ ಬರ್ತಾ ನನಗೆ ಅದೇ ಕಿರ್ ಸದ್ದು ನೆನಪಾಗೋದು.

ಇನ್ನೊಂದು ಷರತ್ತಿದೆ. ಕೆದುಶಾ ಒಬ್ಬರೇ ಹೇಳೋ ಹಾಗಿಲ್ಲ, ಹತ್ತು ಜನ ಬೇಕು, ಅದಕ್ಕೆ ಮಿನ್ಯಾನ್ ಅಂತಾರೆ. ಆರ್ಥೊಡಾಕ್ಸ್, ಅಂದ್ರೆ ಸಂಪ್ರದಾಯಸ್ಥ ಪಂಥದಲ್ಲಿ ಹತ್ತು ಗಂಡಸರು, ಬೇರೆ ಹಲವು ಪಂಥಗಳಲ್ಲಿ ಹೆಂಗಸರನ್ನೂ ಲೆಕ್ಕಕ್ಕೆ ತಗೋತಾರೆ. ಹತ್ತೇ ಯಾಕೆ? ರಬ್ಬಿಗಳು ಇದನ್ನ ತೆಗೆಯೋ ದಾರಿ ಕೇಳಿ. ಇಸ್ರಾಯೇಲ್ಯರ ಮಧ್ಯದಲ್ಲಿ ನಾನು ಕಾದೋಶ್ ಆಗ್ತೀನಿ ಅಂತ ಒಂದು ವಾಕ್ಯ ಇದೆ. ಅದರಲ್ಲಿನ ಮಧ್ಯ ಅನ್ನೋ ಪದಾನ ಹಿಡ್ಕೊಂಡು, ಅದೇ ಪದ ಬರೋ ಇನ್ನೊಂದು ವಾಕ್ಯಕ್ಕೆ ಹೋಗ್ತಾರೆ, ಅಲ್ಲಿ ಸಭೆ ಅನ್ನೋ ಪದ ಸಿಗುತ್ತೆ, ಆ ಸಭೆ ಅನ್ನೋದನ್ನ ಹಿಡ್ಕೊಂಡು ಮೂರನೇ ವಾಕ್ಯಕ್ಕೆ ಹೋಗ್ತಾರೆ. ಅಲ್ಲಿ ಇರೋದು "ಈ ಕೆಟ್ಟ ಸಭೆಯನ್ನ ಎಷ್ಟು ದಿನ ಸಹಿಸ್ಲಿ" ಅಂತ ದೇವರು ಬೈಯ್ಯೋ ಮಾತು. ಯಾರಿಗೆ? ಕಾನಾನ್ ದೇಶ ನೋಡ್ಕೊಂಡು ಬನ್ನಿ ಅಂತ ಮೋಶೆ ಹನ್ನೆರಡು ಜನ ಗೂಢಚಾರರನ್ನ ಕಳಿಸಿದ್ನಲ್ಲ, ಅದರಲ್ಲಿ ಇಬ್ರನ್ನ ಬಿಟ್ಟು ಮಿಕ್ಕ ಹತ್ತು ಜನ ವಾಪಸ್ ಬಂದು ನಮ್ಮ ಕೈಲಿ ಆಗಲ್ಲ ಅಂತ ಜನರ ಎದೆ ಒಡೆದ್ರು, ಅವರಿಗೆ. ಅಂದ್ರೆ ಪವಿತ್ರ ಮಾತಾಡೋಕೆ ಹತ್ತು ಜನ ಬೇಕು ಅಂತ ಕಲಿತಿರೋದು ಹತ್ತು ಪುಕ್ಕಲರಿಂದ! ಬೇಕಂತಲೇ ಹಿಂಗೆ ಮಾಡಿದ್ರೋ, ಲೆಕ್ಕ ಸಿಕ್ಕಿದ್ದೇ ಅಲ್ಲೋ ಗೊತ್ತಿಲ್ಲ, ನನಗಂತೂ ಒಳ್ಳೇವರು ಹತ್ತು ಜನ ಸಿಗೋತನಕ ಕಾಯ್ಬೇಕಿಲ್ಲ ಅನ್ನೋದು ಸಮಾಧಾನದ ವಿಷಯ.

ಹತ್ತು ಜನ ಸಿಗೋದೂ ಸುಲಭ ಅಲ್ಲ. ಕೊಚ್ಚಿಯ ಮಟ್ಟಾಂಚೇರಿಗೆ ಹೋದವರು ಇಲ್ಲಿ ಇದೀರಿ, 1568ರಲ್ಲಿ ಕಟ್ಟಿದ ಪರದೇಸಿ ಸಿನಗಾಗ್, ಅಂದ್ರೆ ಯಹೂದಿಗಳ ಪ್ರಾರ್ಥನಾ ಮಂದಿರ, ಚಪ್ಪಲಿ ಬಿಟ್ಟು ಒಳಗೆ ಹೋದ್ರೆ ಚೀನಾದ ನೀಲಿ ಬಿಳಿ ಟೈಲ್ಸ್ ತಣ್ಣಗೆ ಕಾಲಿಗೆ ತಾಗುತ್ತೆ. ಅಲ್ಲಿನ ಸಮುದಾಯದ ಬಹುಪಾಲು ಜನ 1948ರ ನಂತರ ಇಸ್ರೇಲಿಗೆ ಹೋದ್ರು. ಉಳಿದವರು ಬೆರಳೆಣಿಕೆ. ದೀಪ, ಸುರುಳಿ, ಬೆಂಚು ಎಲ್ಲ ಇವೆ, ಹೊರಗಿನಿಂದ ಯಹೂದಿ ಪ್ರವಾಸಿಗಳು ಬಂದು ಲೆಕ್ಕ ತುಂಬದೇ ಇದ್ರೆ ಕೆದುಶಾ ಹೇಳೋ ಹಾಗಿಲ್ಲ. ಕದ್ದಿಶ್ ಕೂಡ ಅಷ್ಟೇ. ಕದ್ದಿಶ್ ಅಂದ್ರೆ ತಂದೆತಾಯಿ ತೀರ್ಕೊಂಡಾಗ ಮಕ್ಕಳು 11 ತಿಂಗಳು ದಿನಾ ಹೇಳೋದು. ಅದರಲ್ಲಿ ಸಾವು ಅನ್ನೋ ಪದಾನೇ ಇಲ್ಲ, ಸತ್ತವರ ಹೆಸರಿಲ್ಲ, ಆತ್ಮಕ್ಕೆ ಶಾಂತಿ ಇಲ್ಲ. ಶುರುವಾಗೋದೇ "ಯಿತ್ಗದಲ್ ವೆಯಿತ್ಕದಶ್", ಅವನ ದೊಡ್ಡ ಹೆಸರು ದೊಡ್ಡದಾಗಲಿ, ಕಾದೋಶ್ ಆಗಲಿ ಅಂತ. ಮನೇಲಿ ಸಾವಾಗಿದೆ, ನಿಂತ್ಕೊಂಡು ಹೇಳ್ತಿರೋದು ಇದು. ಉಳಿದವರು ಆಮೆನ್ ಅನ್ಬೇಕು, ಅದಕ್ಕೇ ಹತ್ತು ಜನ. 12 ಬಿಟ್ಟು 11 ತಿಂಗಳು ಯಾಕೆ ಅಂದ್ರೆ, ದುಷ್ಟರಿಗೆ 12 ತಿಂಗಳು ಶಿಕ್ಷೆ ಅಂತ ನಂಬಿಕೆ, ಪೂರ್ತಿ 12 ಹೇಳಿದ್ರೆ ನಮ್ಮಪ್ಪ ಅಷ್ಟು ಕೆಟ್ಟವನಾಗಿದ್ದ ಅಂತ ನಾವೇ ಒಪ್ಕೊಂಡ ಹಾಗಾಗುತ್ತಲ್ಲ.

ಸರಿ, ಕಾಲದ ವಿಷಯ. ತೋರಾದಲ್ಲಿ, ಅಂದ್ರೆ ಬೈಬಲ್‌ನ ಮೊದಲ ಐದು ಪುಸ್ತಕದಲ್ಲಿ, ಮೊಟ್ಟಮೊದಲು ಕಾದೋಶ್ ಆಗಿದ್ದು ಯಾವುದು ಹೇಳಿ? ಬೆಟ್ಟ ಅಲ್ಲ, ನದಿ ಅಲ್ಲ, ಗುಡಿ ಅಲ್ಲ. ಒಂದು ದಿನ. ಸೃಷ್ಟಿ ಮುಗಿಸಿ ದೇವರು ಏಳನೇ ದಿನಾನ ಮೀಸಲಿಟ್ಟ, ಅದೇ ಸಬ್ಬತ್. ವಾರ್ಸಾದಲ್ಲಿ ಹುಟ್ಟಿ ನ್ಯೂಯಾರ್ಕಲ್ಲಿ ಪಾಠ ಮಾಡಿದ ಅಬ್ರಹಾಂ ಜೋಶುವಾ ಹೆಶೆಲ್ (1907-1972) ಇದನ್ನ ಬಹಳ ಒತ್ತಿ ಹೇಳ್ತಿದ್ರು. ಇದಕ್ಕೆ ಹಳೇ ಕಾನೂನಿನ ಬೆಂಬಲಾನೂ ಇದೆ: ಮರುಭೂಮೀಲಿ ದೇವರ ಗುಡಾರ ಕಟ್ಟೋ ಕೆಲಸಾನೂ ಸಬ್ಬತ್ ದಿನ ನಿಲ್ಲಿಸ್ಬೇಕಿತ್ತು, ಆ ದಿನ ನಿಷಿದ್ಧವಾದ 39 ಬಗೆ ಕೆಲಸಾನ ರಬ್ಬಿಗಳು ಪಟ್ಟಿ ಮಾಡಿದ್ದೇ ಆ ಗುಡಾರದ ಕೆಲಸಗಳಿಂದ. ಜಾಗ ದಿನಕ್ಕೆ ತಲೆ ಬಾಗ್ಬೇಕು.

ದಿನಕ್ಕೆ ಗೋಡೆ ಇಲ್ವಲ್ಲ, ಮತ್ತೆ ಎಲ್ಲಿಂದ ಎಲ್ಲೀವರೆಗೆ ಮೀಸಲು? ಶುಕ್ರವಾರ ಸಂಜೆ ದ್ರಾಕ್ಷಾರಸದ ಬಟ್ಟಲು ಹಿಡಿದು ಕಿದ್ದುಶ್ ಹೇಳಿದಾಗ ಬಾಗಿಲು ತೆಗೆಯುತ್ತೆ, ಶನಿವಾರ ರಾತ್ರಿ ಹವ್ದಾಲಾ ಮಾಡಿದಾಗ ಮುಚ್ಚುತ್ತೆ. ಆ ಪಕ್ಕದ ಮನೆಯವರ ಹವ್ದಾಲಾ ನಾನು ನೋಡಿದೀನಿ. ಮೂರು ನಕ್ಷತ್ರ ಕಾಣ್ಬೇಕು ಅಂತ ಮಕ್ಕಳು ಕಿಟಕೀಲಿ ನಿಂತಿದ್ರು. ಜಡೆ ಥರ ಹೆಣೆದ ಮೇಣದ ಬತ್ತಿ, ಹಲವು ಎಳೆ ಸೇರಿ ಒಂದೇ ದೊಡ್ಡ ಜ್ವಾಲೆ, ಅದನ್ನ ಹಿಡಿಯೋ ಹಕ್ಕು ಚಿಕ್ಕ ಹುಡುಗೀದು. ಬಟ್ಟಲು ತುಂಬಿ ತಟ್ಟೆಗೆ ಚೆಲ್ಲೋ ಹಾಗೆ ಸುರೀತಾರೆ. ಸಣ್ಣ ಬೆಳ್ಳಿ ಡಬ್ಬೀಲಿ ಲವಂಗ, ಎಲ್ರ ಮೂಗಿಗೂ ಬಂತು, ನನ್ನ ಮೂಗಿಗೂ ಬಂತು, ನನಗೆ ನಮ್ಮನೆ ಪಲಾವ್ ನೆನಪಾಯ್ತು. ಸಬ್ಬತ್‌ನಲ್ಲಿ ಇನ್ನೊಂದು ಹೆಚ್ಚುವರಿ ಆತ್ಮ ಬಂದಿರುತ್ತಂತೆ, ಅದು ಹೊರಡ್ವಾಗ ಸುಸ್ತಾಗದೇ ಇರ್ಲಿ ಅಂತ ಈ ಪರಿಮಳ. ಆಮೇಲೆ ಎಲ್ರೂ ಬೆರಳು ಮಡಚಿ ಉಗುರನ್ನ ಬೆಂಕಿಗೆ ಹಿಡಿದು ನೋಡ್ಕೊಂಡ್ರು, ಉಗುರ ಮೇಲೆ ಬೆಳಕು, ಅಂಗೈ ಮೇಲೆ ನೆರಳು, ಎರಡನ್ನೂ ಬೇರೆ ಮಾಡಿ ನೋಡೋ ಅಭ್ಯಾಸ. "ಕಾದೋಶ್ ಆಗಿದ್ದಕ್ಕೂ ಸಾಧಾರಣಕ್ಕೂ ನಡುವೆ ಗೆರೆ ಎಳೆಯೋನೇ ನಿನಗೆ ಸ್ತುತಿ" ಅಂತ ಹೇಳಿ ಬತ್ತೀನ ಚೆಲ್ಲಿದ ದ್ರಾಕ್ಷಾರಸದಲ್ಲಿ ಅದ್ದಿದ್ರು, ಚುಂಯ್ ಅಂತು. ತಕ್ಷಣ ಯಾರೋ ಲೈಟ್ ಹಾಕಿದ್ರು, ಫೋನುಗಳು ಹೊರಗೆ ಬಂದ್ವು, ಹುಡುಗಿಗೆ ಹೋಮ್‌ವರ್ಕ್ ನೆನಪಾಯ್ತು.

ಆದ್ರೆ ಇದೆಲ್ಲ ಪೂಜೆ ಪುನಸ್ಕಾರ ಆಯ್ತಲ್ಲ ಅನ್ಬಹುದು. ಯಾಜಕಕಾಂಡ 19ನೇ ಅಧ್ಯಾಯ ತೆಗೀರಿ. "ನೀವು ಕಾದೋಶ್ ಆಗಿರಿ, ಯಾಕಂದ್ರೆ ನಾನು ಕಾದೋಶ್" ಅಂತ ದೊಡ್ಡದಾಗಿ ಶುರು ಮಾಡ್ತಾನೆ ದೇವರು. ಮುಂದೆ ಏನು ಬರುತ್ತೆ ಗೊತ್ತಾ, ಹೊಲ ಕೊಯ್ವಾಗ ಮೂಲೆ ಮೂಲೆ ಬಿಡು, ಬಿದ್ದ ತೆನೆ ಹೆಕ್ಕಬೇಡ, ಬಡವರಿಗಿರ್ಲಿ. ಕೂಲಿಯವನ ಕೂಲಿ ಬೆಳಗಾಗೋವರೆಗೂ ಇಟ್ಕೋಬೇಡ. ಕುರುಡನ ದಾರಿಗೆ ಅಡ್ಡ ಇಡಬೇಡ. ತಕ್ಕಡಿ, ಬಟ್ಟು ಸರಿಯಾಗಿರ್ಲಿ. ಸ್ಪೇನಿನ ಗಿರೋನಾದ ರಂಬಾನ್ ಅನ್ನೋ ರಬ್ಬಿ (1194-1270) ಇಲ್ಲಿ ಒಂದು ಖಾರದ ಮಾತು ಹೇಳ್ತಾರೆ, ತೋರಾ ಅನುಮತಿ ಕೊಟ್ಟ ಗೆರೆಯೊಳಗೇ ಇದ್ಕೊಂಡೂ ಮನುಷ್ಯ ನೀಚ ಆಗ್ಬಹುದು, ಅದಕ್ಕೇ ಕಾದೋಶ್ ಆಗಿರಿ ಅನ್ನೋ ಈ ಒಟ್ಟಾರೆ ಆಜ್ಞೆ ಬೇಕಾಯ್ತು ಅಂತ. ರೂಲ್ಸ್ ಪ್ರಕಾರಾನೇ ಮಾಡಿದೀನಿ ಸಾರ್ ಅನ್ನೋರನ್ನ ನಾವೆಲ್ಲ ನೋಡಿದೀವಿ, ವಿವರಿಸೋದು ಬೇಡ. ಒಂದು ಹಳೇ ಕಥೇನೂ ಇದೆ, ಶಿಮೋನ್ ಬೆನ್ ಶೆತಾಖ್ ಅನ್ನೋ ಪಂಡಿತನಿಗೆ ಶಿಷ್ಯರು ಒಬ್ಬ ಅನ್ಯಧರ್ಮದವನಿಂದ ಕತ್ತೆ ಕೊಂಡು ತರ್ತಾರೆ, ಕತ್ತೆ ಕೊರಳಲ್ಲಿ ಮುತ್ತು ಸಿಗುತ್ತೆ. ನಾನು ಕೊಂಡಿದ್ದು ಕತ್ತೆ, ಮುತ್ತಲ್ಲ ಅಂತ ಅವನು ವಾಪಸ್ ಕೊಡ್ತಾನೆ. ಮಾರಿದವನು ಶಿಮೋನ್‌ನನ್ನ ಹೊಗಳಲ್ಲ, ಶಿಮೋನನ ದೇವರಿಗೆ ಸ್ತುತಿ ಅಂತಾನೆ. ಇದಕ್ಕೆ ಕಿದ್ದುಶ್ ಹಶೇಮ್ ಅಂತಾರೆ, ದೇವರ ಹೆಸರನ್ನ ಕಾದೋಶ್ ಮಾಡೋದು. ಮನುಷ್ಯನ ಕೈಲಿ ದೇವರ ಹೆಸರು ಕಾದೋಶ್ ಆಗುತ್ತಂತೆ. ಕದ್ದಿಶ್‌ನಲ್ಲಿ ಆಗಲಿ ಅಂತ ಬೇಡೋದೂ ಇದನ್ನೇ.

ಈಗ ಜಗಳದ ಪಾಯಿಂಟು. ಪವಿತ್ರತೆ ವಸ್ತುವಿನೊಳಗೇ ಇರುತ್ತಾ, ಇಲ್ಲ ನಾವು ಇಡೋದ್ರಿಂದ ಬರುತ್ತಾ? ಅಜ್ಜಿ ಕೊನೆಗೂ ತಿರುಪತಿಗೆ ಹೋದ್ಲು, ಗಂಟು ಬಿಚ್ಚಿ ಕಾಸು ಹುಂಡಿಗೆ ಸುರಿದು ಬಟ್ಟೇನ ಸೊಂಟಕ್ಕೆ ಸಿಕ್ಕಿಸ್ಕೊಂಡು ಬಂದ್ಲು. ಮುಂದಿನ ವಾರ ನೋಡ್ತೀನಿ, ಅದೇ ಹಳದಿ ಬಟ್ಟೆ ಉಪ್ಪಿನಕಾಯಿ ಜಾಡಿ ಬಾಯಿಗೆ ಕಟ್ಟಿದೆ! ದೇವರು ಮೋಶೆಗೆ ಆಜ್ಞೆಗಳನ್ನ ಕೊಟ್ಟ ಸಿನಾಯ್ ಬೆಟ್ಟದ ಕಥೇನೂ ಇಂಥದ್ದೇ. ದೇವರು ಇಳಿದಾಗ ಮನುಷ್ಯ ಮುಟ್ಟಿದ್ರೂ ಸಾವು, ದನ ಮುಟ್ಟಿದ್ರೂ ಸಾವು. ಕೊಂಬು ಉದ್ದಕ್ಕೆ ಊದಿದ ಮೇಲೆ? ಹತ್ಬಹುದು, ದನ ಮೇಯಿಸ್ಬಹುದು. ಆ ಬೆಟ್ಟ ಯಾವ್ದು ಅಂತಾನೂ ಯಹೂದಿ ಪರಂಪರೆ ನೆನಪಿಟ್ಕೊಂಡಿಲ್ಲ. ದ್ವಿನ್ಸ್ಕ್‌ನ ರಬ್ಬಿ ಮೇಯಿರ್ ಸಿಂಖಾ (1843-1926) ಇದನ್ನ ಇನ್ನೂ ಮುಂದೆ ತಗೊಂಡು ಹೋಗಿ, ಮೋಶೆ ಆ ಆಜ್ಞೆ ಬರೆದ ಕಲ್ಲಿನ ಹಲಗೆಗಳನ್ನ ಒಡೆದಿದ್ದೂ ಅದಕ್ಕೇ, ದೇವರು ಬಿಟ್ರೆ ತಾನಾಗೇ ಪವಿತ್ರ ಅನ್ನೋ ವಸ್ತು ಯಾವುದೂ ಇಲ್ಲ ಅಂತ ತೋರ್ಸೋಕೆ ಅಂದ್ರು. ಜೆರುಸಲೇಮಿನ ಪ್ರೊಫೆಸರ್ ಯೆಶಾಯಾಹು ಲೈಬೊವಿಟ್ಜ್ (1903-1994) ಬಾಯಿ ಇನ್ನೂ ಜೋರು, 1967ರ ಯುದ್ಧದ ನಂತರ ಅಲ್ಲಿನ ಹಳೇ ದೇವಾಲಯದ ಆವರಣದಲ್ಲಿ ಉಳಿದಿರೋ ಪಶ್ಚಿಮದ ಗೋಡೆ, ಅಂದ್ರೆ ಕೋಟೆಲ್ ಮುಂದೆ ಸೇರ್ತಿದ್ದ ಭಾವಾವೇಶ ನೋಡಿ ಅದನ್ನ "ಡಿಸ್ಕೋಟೆಲ್" ಅಂತ ಕರೆದ್ರು. ಕಲ್ಲು ಪೂಜೆ, ದೇಶ ಪೂಜೆ ಎಲ್ಲ ವಿಗ್ರಹಾರಾಧನೇನೇ ಅನ್ನೋದು ಅವರ ವಾದ, ಸ್ವತಃ ಕಟ್ಟುನಿಟ್ಟಾದ ಆರ್ಥೊಡಾಕ್ಸ್ ಮನುಷ್ಯ ಅವರು. ಎದುರು ಪಕ್ಷದಲ್ಲಿ ಹನ್ನೆರಡನೇ ಶತಮಾನದ ಕವಿ ಯೆಹೂದಾ ಹಲೇವಿ ಇದಾನೆ, ಆ ನೆಲಕ್ಕೇ ಬೇರೆ ನೆಲಕ್ಕಿಲ್ಲದ ಗುಣ ಇದೆ ಅನ್ನೋನು.

ನನಗೆ ಲೈಬೊವಿಟ್ಜ್ ಕಡೆ ವಾಲೋ ಮನಸ್ಸು, ಆದ್ರೆ ಪೂರ್ತಿ ಅಲ್ಲ. ಯಾಕಂದ್ರೆ ಯಹೂದಿ ಕಾನೂನು ಅಜ್ಜಿಯ ಉಪ್ಪಿನಕಾಯಿ ಜಾಡಿಗೆ ಒಪ್ತಿರ್ಲಿಲ್ಲ. ತೋರಾ ಸುರುಳಿಗೆ ಹೊದಿಸಿದ ಬಟ್ಟೆ ಹರಿದ್ರೂ ಅದನ್ನ ಬಿಸಾಕೋ ಹಾಗಿಲ್ಲ, ಬೇರೆ ಕೆಲಸಕ್ಕೆ ಬಳಸೋ ಹಾಗಿಲ್ಲ, ಹೂಳ್ಬೇಕು. ಸಿನಗಾಗ್ ಮಾರಿ ಬಂದ ದುಡ್ಡಲ್ಲಿ ಸುರುಳಿ ಇಡೋ ಪೆಟ್ಟಿಗೆ ಕೊಳ್ಬಹುದು, ಪೆಟ್ಟಿಗೆ ಮಾರಿ ಬಟ್ಟೆ, ಬಟ್ಟೆ ಮಾರಿ ಗ್ರಂಥ, ಗ್ರಂಥ ಮಾರಿ ತೋರಾ, ಮೇಲಕ್ಕೆ ಹೋಗ್ಬಹುದೇ ಹೊರತು ಕೆಳಕ್ಕೆ ಇಳಿಯೋ ಹಾಗಿಲ್ಲ. ಮೀಸಲಿಟ್ಟಿದ್ದು ನಾವೇ ಆದ್ರೂ ವಾಪಸ್ ತಗೊಳೋದು ನಮ್ಮಿಷ್ಟ ಅಲ್ಲ.

ದೇವರ ಹೆಸರು ಬರೆದ ಕಾಗದಾನೂ ಹಂಗೇ. ಹಳೇದಾದ್ರೆ ಗೆನಿಜಾ ಅಂತ ಒಂದು ಕೋಣೇಲಿ ಹಾಕಿಡ್ತಾರೆ, ಆಮೇಲೆ ಹೂಳ್ತಾರೆ. ಕೈರೋದ ಹಳೇ ಊರು ಫುಸ್ತಾತ್, ಅಲ್ಲಿನ ಬೆನ್ ಎಜ್ರಾ ಸಿನಗಾಗ್‌ನವರು ಹೂಳೋದನ್ನ ಬಿಟ್ಟು ಶತಮಾನಗಟ್ಟಲೆ ಹಾಕ್ತಾನೇ ಹೋದ್ರು, ದೇವರ ಹೆಸರಿರೋದಷ್ಟೇ ಅಲ್ಲ, ಹೀಬ್ರೂ ಲಿಪೀಲಿರೋ ಪತ್ರ, ಲೆಕ್ಕದ ಚೀಟಿ, ಎಲ್ಲ. 1896-97ರಲ್ಲಿ ಸೊಲೊಮನ್ ಶೆಕ್ಟರ್ ಅನ್ನೋ ವಿದ್ವಾಂಸರು ಹೋಗಿ ಮೂಗಿಗೆ ಧೂಳು ತುಂಬಿಸ್ಕೊಂಡು ಕೇಂಬ್ರಿಡ್ಜ್‌ಗೆ ಸಾಗಿಸಿದ್ದು 1 ಲಕ್ಷ 90 ಸಾವಿರಕ್ಕೂ ಹೆಚ್ಚು ತುಂಡು. ಮಂಗಳೂರು ಬರುತ್ತೆ ಅಂದ್ನಲ್ಲ, ಬಂತು. ಆ ಗೆನಿಜಾದ ಕಾಗದಗಳಲ್ಲಿ ಅಬ್ರಹಾಂ ಬೆನ್ ಯಿಜು ಅನ್ನೋ ವ್ಯಾಪಾರಿ ಸಿಗ್ತಾನೆ, ಟ್ಯುನೀಷಿಯಾ ಮೂಲದವನು, 1132ರಿಂದ 1149ರವರೆಗಿನ ಬಹುಪಾಲು ಮಂಗಳೂರಲ್ಲಿ ಇದ್ದ. ಕಾಳುಮೆಣಸು, ಅಡಿಕೆ, ಕಬ್ಬಿಣ ಕಳಿಸ್ತಿದ್ದ, ಯೆಮೆನ್‌ನ ಬಂದರು ಏಡನ್‌ನ ಸ್ನೇಹಿತರು ಅವನಿಗೆ ಸಕ್ಕರೆ, ಒಣದ್ರಾಕ್ಷಿ, ಜೊತೆಗೆ ಕಾಗದ ಕಳಿಸ್ತಿದ್ರು, ಇಲ್ಲಿ ಓಲೆಗರಿ ಕಾಲ ನೋಡಿ. ಅವನ ಹತ್ರ ಒಬ್ಬ ಆಳು, ಪತ್ರಗಳಲ್ಲಿ ಗುಲಾಮ ಅಂತಾನೇ ಇದೆ, ಆದ್ರೂ ಯಜಮಾನನ ಸರಕು ತಗೊಂಡು ಏಡನ್‌ವರೆಗೂ ಹೋಗಿ ವ್ಯವಹಾರ ಮುಗಿಸ್ಕೊಂಡು ಬರ್ತಿದ್ದ. ಅವನ ಹೆಸರು ಹೀಬ್ರೂನಲ್ಲಿ ಬ, ಮ, ಹ ಅಂತ ಮೂರೇ ಅಕ್ಷರ. ಅದು ತುಳುನಾಡಿನ ಬೊಮ್ಮ ಅಂತ ವಿದ್ವಾಂಸರು ಓದಿದಾರೆ. ನಮ್ಮ ಶಾಸನಗಳಲ್ಲಿ ಒಬ್ಬ ವ್ಯಾಪಾರಿ ಮನೆ ಆಳಿನ ಕೂಲಿ, ಪ್ರಯಾಣ, ಖರ್ಚು ಹಿಂಗೆ ಸಿಗೋದು ನಾನಂತೂ ನೋಡಿಲ್ಲ. ಎಂಟು ಚಿಲ್ಲರೆ ಶತಮಾನ ಅವನ ಹೆಸರು ಉಳಿದಿದ್ದು, ಪವಿತ್ರ ಅಕ್ಷರ ಬೀದಿಗೆ ಬೀಳಬಾರದು ಅಂತ ಯಾರೋ ಕಾಗದ ಎತ್ತಿ ಒಳಗೆ ಹಾಕಿದ್ದಕ್ಕೆ.

ಇಷ್ಟಕ್ಕೆ ನಿಲ್ಸಿದ್ದೆ. ಪ್ರಶ್ನೆ ಕೇಳೋ ಹೊತ್ತಲ್ಲಿ ಕೊನೇ ಸಾಲಲ್ಲಿ ಕೂತಿದ್ದ ಹಿರಿಯರೊಬ್ಬರು, ಮಾತು ಕೇಳಿದ್ರೇ ಮಂಗಳೂರು ಕಡೆಯವರು ಅಂತ ಗೊತ್ತಾಗ್ತಿತ್ತು, ಎದ್ದು ನಿಂತು ಕೇಳಿದ್ರು: "ಅಲ್ಲ ಮಾರಾಯ್ರೇ, ಬೊಮ್ಮ ಅಂದ್ರೆ ಬ್ರಹ್ಮ ಅಲ್ವಾ? ನಮ್ಮಲ್ಲಿ ಬೆರ್ಮೆರ್ ಅಂತ ದೇವ್ರೇ ಉಂಟಲ್ಲ. ಹಾಗಾದ್ರೆ ಅವ್ರು ತಮ್ಮ ದೇವ್ರ ಹೆಸ್ರು ಕಾಪಾಡ್ಲಿಕ್ಕೆ ಹೋಗಿ ಎಂಟ್ನೂರು ವರ್ಷ ನಮ್ಮ ದೇವ್ರ ಹೆಸ್ರನ್ನೂ ಕಾಪಾಡಿದ್ರು ಅಂತಾಯ್ತು."

ಸಭೆ ಹೋ ಅಂತ ನಕ್ಕಿತು. ನನಗೆ ಅದು ಹೊಳೆದೇ ಇರ್ಲಿಲ್ಲ ಸಾರ್ ಅಂದೆ. ಅಷ್ಟೊತ್ತಿಗೆ ಟೀ ಬಂತು.